ಚೀನೀ ಯಾತ್ರಿಕನ ಸರ್ಟಿಫಿಕೇಟು

ಶಿಕಾರಿಪುರ, ಸೊರಬಗಳ ಕಡೆಯಲ್ಲಿ ಈಚೆಗೆ ಒಂದು ಮಾತು ನಾಣ್ಯದಂತೆ ಚಲಾವಣೆಗೆ ಬಂದಿದೆ. ಏಳನೆಯ ಶತಮಾನದ ಚೀನೀ ಯಾತ್ರಿಕ ಹುಯೆನ್ ತ್ಸಾಂಗನು ತನ್ನ ಪ್ರವಾಸ ಗ್ರಂಥದಲ್ಲಿ ಬಣ್ಣಿಸಿರುವ ‘ಕೊಂಕಣಪುರ’ವೆಂಬ ರಾಜ್ಯ ನಮ್ಮ ಬನವಾಸಿ ನಾಡೇ ಎಂಬುದು ಆ ಮಾತು. ಅದನ್ನು ಸಭೆಗಳಲ್ಲಿ ಕೇಳಿದ್ದೇನೆ. ಜಾತ್ರೆಯ ಕರಪತ್ರದಲ್ಲಿ ಓದಿದ್ದೇನೆ. ನನ್ನ ವಿದ್ಯಾರ್ಥಿಗಳ ಉತ್ತರ ಪತ್ರಿಕೆಗಳಲ್ಲಿಯೂ ಕಂಡಿದ್ದೇನೆ. ಮೊದಮೊದಲು ‘ಎಂದು ಕೆಲವು ವಿದ್ವಾಂಸರ ಅಭಿಪ್ರಾಯ’ ಎಂಬ ಬಾಲವೊಂದು ಆ ಮಾತಿಗಿತ್ತು. ಈಗ ಬಾಲ ಉದುರಿದೆ. ಹುಯೆನ್ ತ್ಸಾಂಗನು ಬನವಾಸಿಗೆ ಬಂದನು, ಇಲ್ಲಿ ನೂರು ವಿಹಾರಗಳನ್ನು ಕಂಡನು, ಮೆಚ್ಚಿ ಬರೆದನು ಎಂದು, ನಿನ್ನೆ ಬಸ್ಸಿನಿಂದ ಇಳಿದ ನೆಂಟನ ಸುದ್ದಿ ಹೇಳುವಷ್ಟು ಸಲೀಸಾಗಿ ಹೇಳುತ್ತಾರೆ.

ನನಗೆ ಇದರಲ್ಲಿ ಎರಡು ತಕರಾರುಗಳಿವೆ. ಮಾತು ಸಿದ್ಧವಾದುದಲ್ಲ ಎಂಬುದು ಒಂದು. ಸಿದ್ಧವಾಗಿದ್ದರೂ ಅದಕ್ಕೆ ಇಷ್ಟು ಹಿಗ್ಗಬೇಕಾದ ಕಾರಣವಿಲ್ಲ ಎಂಬುದು ಇನ್ನೊಂದು. ಎರಡನೆಯದೇ ನನಗೆ ಮುಖ್ಯ. ಆದರೆ ಮೊದಲನೆಯದನ್ನು ಮುಗಿಸದೆ ಅದಕ್ಕೆ ಬರುವಂತಿಲ್ಲ.

ಯಾತ್ರಿಕನ ಪುಟವನ್ನೇ ಮೊದಲು ನೋಡೋಣ. ಕೊಂಕಣಪುರದ ವಕೀಲರಲ್ಲಿ ಅದನ್ನು ಓದಿದವರು ವಿರಳವೆಂದು ನನ್ನ ಅನುಮಾನ. ಹುಯೆನ್ ತ್ಸಾಂಗನು 629ರಲ್ಲಿ ಚೀನದಿಂದ ಹೊರಟು 645ರಲ್ಲಿ ಹಿಂದಿರುಗಿದವನು. ದಕ್ಷಿಣದಲ್ಲಿ ಅವನು ಪಲ್ಲವರ ಕಂಚಿಯವರೆಗೆ ಬಂದನು. ಅಲ್ಲಿಂದ ಉತ್ತರಕ್ಕೆ, ಕಾಡುಮೇಡುಗಳನ್ನು ಹಾದು, ಸುಮಾರು 2,000 ಲೀ ದೂರ ನಡೆದರೆ ಕೊಂಕಣಪುರ ಎಂದು ಅವನ ಬರಹ. ರಾಜ್ಯದ ಸುತ್ತಳತೆ 5,000 ಲೀ, ರಾಜಧಾನಿಯದು 30 ಲೀ. ನೆಲ ಫಲವತ್ತು, ಹವೆ ಬಿಸಿ, ಜನ ಕಪ್ಪು, ಸ್ವಭಾವ ಒರಟು, ಆದರೆ ವಿದ್ಯೆಯಲ್ಲಿ ಆಸಕ್ತರು. ನೂರಕ್ಕೂ ಹೆಚ್ಚು ಸಂಘಾರಾಮಗಳು, ಹತ್ತು ಸಾವಿರ ಭಿಕ್ಷುಗಳು, ನೂರಾರು ದೇವಾಲಯಗಳು. ಅರಮನೆಯ ಬಳಿಯ ದೊಡ್ಡ ವಿಹಾರದಲ್ಲಿ ಮುನ್ನೂರು ಭಿಕ್ಷುಗಳಿದ್ದರು. ಅಲ್ಲಿ ರಾಜಕುಮಾರ ಸಿದ್ಧಾರ್ಥನ ಕಿರೀಟವನ್ನು ಪೆಟ್ಟಿಗೆಯಲ್ಲಿಟ್ಟು ಪೂಜಿಸುತ್ತಿದ್ದರು. ಇನ್ನೊಂದು ವಿಹಾರದಲ್ಲಿ ಮೈತ್ರೇಯನ ಶ್ರೀಗಂಧದ ವಿಗ್ರಹ. ನಗರದ ಉತ್ತರಕ್ಕೆ 30 ಲೀ ಸುತ್ತಳತೆಯ ತಾಳೆಯ ವನ. ಅದರ ಉದ್ದಗಲವಾದ ಎಲೆಗಳನ್ನು ಭರತಖಂಡದ ದೇಶಗಳೆಲ್ಲ ಬರೆಯುವುದಕ್ಕೆ ಬಳಸುತ್ತಿದ್ದುವು. ಇಲ್ಲಿಂದ ವಾಯವ್ಯಕ್ಕೆ 2,400 ಅಥವಾ 2,500 ಲೀ ಕಾಡುದಾರಿ ಕ್ರಮಿಸಿದರೆ ಮಹಾರಾಷ್ಟ್ರ.

ಇಷ್ಟೇ. ನದಿಯ ಹೆಸರಿಲ್ಲ, ದೊರೆಯ ಹೆಸರಿಲ್ಲ. ಈ ಬಡ ವಿವರಗಳನ್ನು ಹಿಡಿದು ಹತ್ತೊಂಬತ್ತನೆಯ ಶತಮಾನದ ಪಾಶ್ಚಾತ್ಯ ಪಂಡಿತರು ಊರು ಹುಡುಕತೊಡಗಿದರು. ಫ್ರೆಂಚ್ ವಿದ್ವಾಂಸ ವಿವಿಯೆನ್ ದ ಸ್ಯಾಂ ಮಾರ್ತ್ಯಾಂ ಬನವಾಸಿ ಇರಬಹುದೆಂದನು. ಕನಿಂಗ್‌ಹ್ಯಾಮನು 1871ರಲ್ಲಿ ತುಂಗಭದ್ರೆಯ ದಡದ ಆನೆಗೊಂದಿ ಎಂದನು. ಫರ್ಗುಸನ್ನನು ಬಿದನೂರಿಗೆ ಪೂರ್ವದಲ್ಲಿ, ಮೈಸೂರು ಸೀಮೆಯ ನಡುವೆ ಎಲ್ಲಿಯೋ ಎಂದನು. ಗ್ರಂಥವನ್ನು 1884ರಲ್ಲಿ ಇಂಗ್ಲಿಷಿಗೆ ತಂದ ಬೀಲನು, ಉತ್ತರಕ್ಕೆ ಹೋದನೆಂದ ಮೇಲೆ ಗೋಲ್ಕೊಂಡದ ಕಡೆ ಹುಡುಕಬೇಕು ಎಂದನು. ನಾಲ್ವರು ಪಂಡಿತರು, ನಾಲ್ಕು ಊರು. ಇವರಲ್ಲಿ ನಮಗೆ ಪ್ರಿಯವಾದುದನ್ನು ಹೇಳಿದವನೊಬ್ಬನನ್ನು ಆರಿಸಿಕೊಂಡು, ಉಳಿದ ಮೂವರ ಹೆಸರನ್ನೇ ಎತ್ತದೆ ‘ವಿದ್ವಾಂಸರು ಒಪ್ಪಿದ್ದಾರೆ’ ಎನ್ನುವುದು ಯಾವ ನ್ಯಾಯ?

ಹಾಗೆಂದು ಬನವಾಸಿಯ ಪಕ್ಷದಲ್ಲಿ ಏನೂ ಇಲ್ಲವೆಂದು ನಾನು ಹೇಳುವವನಲ್ಲ. ಕನಿಂಗ್‌ಹ್ಯಾಮನ ಲೆಕ್ಕದಂತೆ ಆರು ಲೀಗೆ ಒಂದು ಮೈಲಿ ಹಿಡಿದರೆ, 2,000 ಲೀ ಎಂದರೆ ಮುನ್ನೂರಮೂವತ್ತು ಮೈಲಿಯ ಮಾತು. ಭೂಪಟದ ಮೇಲೆ ಕಂಚಿಯಿಂದ ಬನವಾಸಿಗೆ ಗೆರೆ ಎಳೆದರೆ ದೂರ ಹೆಚ್ಚುಕಡಮೆ ಅಷ್ಟೇ ಬರುತ್ತದೆ. ಬನವಾಸಿಯಲ್ಲಿ ಬೌದ್ಧರಿದ್ದರೆಂಬುದೂ ನಿರ್ವಿವಾದ. ಆದರೆ ದೂರ ಹೊಂದಿದಂತೆ ದಿಕ್ಕು ಹೊಂದುವುದಿಲ್ಲ. ಕಂಚಿಯಿಂದ ಬನವಾಸಿ ಉತ್ತರಕ್ಕಿಲ್ಲ, ಬಹುಮಟ್ಟಿಗೆ ಪಶ್ಚಿಮಕ್ಕಿದೆ. ಯಾತ್ರಿಕರು ದಿಕ್ಕು ತಪ್ಪುವುದುಂಟು ಎಂದು ಸಮಾಧಾನ ಹೇಳುತ್ತಾರೆ. ಉಂಟು. ಆದರೆ ದಿಕ್ಕಿನಲ್ಲಿ ತಪ್ಪಿದವನು ದೂರದಲ್ಲಿ ಮಾತ್ರ ತಪ್ಪಲಿಲ್ಲವೆಂಬುದಕ್ಕೆ ಏನು ಆಧಾರ? ನಮಗೆ ಒಪ್ಪುವ ಅಂಕಿಯಲ್ಲಿ ಅವನು ಪ್ರಾಮಾಣಿಕ, ಒಪ್ಪದ ಅಂಕಿಯಲ್ಲಿ ಮರೆಗುಳಿ ಎಂದರೆ ಸಾಕ್ಷಿಯನ್ನು ಕೇಳಿದಂತಾಗಲಿಲ್ಲ, ಸಾಕ್ಷಿಗೆ ಪಾಠ ಹೇಳಿಕೊಟ್ಟಂತಾಯಿತು.

ಇನ್ನೂ ದೊಡ್ಡ ತೊಡಕು ಐಹೊಳೆಯ ಮೇಗುಟಿಯ ಗೋಡೆಯ ಮೇಲಿದೆ. ರವಿಕೀರ್ತಿ ಕವಿಯ ಆ ಶಾಸನದ ಕಾಲ ಶಕವರ್ಷ 556, ಎಂದರೆ ಕ್ರಿ.ಶ. 634-35. ವರದಾ ನದಿ ಸುತ್ತುವರಿದ ವನವಾಸಿಯನ್ನು ಇಮ್ಮಡಿ ಪುಲಕೇಶಿ ಮುತ್ತಿ ಗೆದ್ದನೆಂದು ಅದರಲ್ಲಿ ಸ್ಪಷ್ಟವಾಗಿದೆ. ಹುಯೆನ್ ತ್ಸಾಂಗನು ದಕ್ಷಿಣಕ್ಕೆ ಬಂದದ್ದು ಅದಾದ ಐದಾರು ವರ್ಷಗಳ ಮೇಲೆ. ಅಷ್ಟರಲ್ಲಿ ಬನವಾಸಿ ಚಾಲುಕ್ಯರ ಕೈ ಸೇರಿಯಾಗಿತ್ತು. ಪುಲಕೇಶಿಯ ರಾಜ್ಯವನ್ನು ‘ಮಹಾರಾಷ್ಟ್ರ’ವೆಂದು ಬೇರೆಯಾಗಿ ಎಣಿಸಿ, ಹರ್ಷನಿಗೂ ಮಣಿಯದ ಆ ದೊರೆಯನ್ನು ಹೆಸರೆತ್ತಿ ಬರೆದ ಯಾತ್ರಿಕನು, ಅದೇ ದೊರೆಯ ಕೈಕೆಳಗಿನ ಸೀಮೆಯನ್ನು ಇನ್ನೊಂದು ರಾಜ್ಯವೆಂದು, ಅದಕ್ಕೊಂದು ಅರಮನೆಯುಂಟೆಂದು ಏಕೆ ಬರೆದನು? ಸಾಮಂತರಿದ್ದರು ಎಂದು ಉತ್ತರ ಹೇಳಬಹುದು, ಹೇಳಲಿ. ಉತ್ತರ ಹೇಳಬೇಕಾದ ಪ್ರಶ್ನೆಯೊಂದು ಇದೆ ಎಂಬುದನ್ನಾದರೂ ಮೊದಲು ಒಪ್ಪಲಿ.

ಹೆಸರಿನ ಮಾತು ಕನ್ನಡ ಮೇಷ್ಟರಾದ ನನ್ನ ಪಾಲಿಗೆ ಬಂದದ್ದು. ಬನವಾಸಿಗೆ ಶಾಸನಗಳಲ್ಲಿ ಹೆಸರಿನ ಬಡತನವಿಲ್ಲ: ವನವಾಸಿ, ವೈಜಯಂತಿ, ಜಯಂತೀಪುರ. ಎರಡನೆಯ ಶತಮಾನದ ಗ್ರೀಕ್ ಭೂಗೋಳಜ್ಞ ಟಾಲೆಮಿಯ ಕಿವಿಗೂ ಅದು ‘ಬನೌಅಸೆಯಿ’ ಎಂದೇ ಬಿದ್ದಿತ್ತು. ಚೀನೀ ಅಕ್ಷರಗಳಲ್ಲಿ ‘ಕೊಂಗ್-ಕಿನ್-ನ-ಪು-ಲೊ’ ಎಂದಿರುವುದನ್ನು ಈ ಯಾವ ಹೆಸರಿನಿಂದಲೂ ಎಳೆದು ತರಲಾಗದು. ಪುಲಕೇಶಿಯ ಹೆಸರನ್ನು ಗುರುತು ಸಿಕ್ಕುವಂತೆ ಬರೆದ ಮನುಷ್ಯ ‘ವನವಾಸಿ’ ಎಂಬ ಸರಳ ಸಂಸ್ಕೃತ ಪದದಲ್ಲಿ ಎಡವಿದನೇ? ನಾಲಂದೆಯಲ್ಲಿ ಕುಳಿತು ಸಂಸ್ಕೃತ ಕಲಿತವನು ಅವನು.

ಇಲ್ಲಿ ನಮ್ಮವರ ಕಲ್ಪನಾಶಕ್ತಿ ಕೆಲಸಕ್ಕೆ ಬರುತ್ತದೆ. ತಾಳೆಯ ವನವಿತ್ತು ಎಂದನಲ್ಲ, ಅದೇ ಶಿಕಾರಿಪುರ ತಾಲ್ಲೂಕಿನ ತಾಳಗುಂದ ಎಂದು ಮಹನೀಯರೊಬ್ಬರು ನನ್ನೆದುರಿಗೆ ಗಂಭೀರವಾಗಿ ವಾದಿಸಿದರು. ತಾಳಗುಂದದ ಹಳೆಯ ಹೆಸರು ಸ್ಥಾನಕುಂದೂರು. ಅದು ಸ್ಥಾನಗುಂದೂರಾಗಿ, ತಾಣಗುಂದೂರಾಗಿ, ಜನರ ಬಾಯಲ್ಲಿ ಸವೆದು ತಾಳಗುಂದವಾಯಿತು. ಈ ಸವೆತದ ಒಂದೊಂದು ಮೆಟ್ಟಿಲೂ ಕಲ್ಲಿನ ಮೇಲೆ ಇದೆ. ತಾಳೆಯ ಮರಕ್ಕೂ ಆ ಹೆಸರಿಗೂ ಯಾವ ಸಂಬಂಧವೂ ಇಲ್ಲ. ಇನ್ನೊಬ್ಬರದು ಗಂಧದ ವಾದ. ಸೊರಬದ ಗುಡಿಗಾರರು ಶ್ರೀಗಂಧದಲ್ಲಿ ವಿಗ್ರಹ ಕಡೆಯುವುದರಲ್ಲಿ ಲೋಕಪ್ರಸಿದ್ಧರು. ಯಾತ್ರಿಕನು ಕಂಡದ್ದು ಶ್ರೀಗಂಧದ ಮೈತ್ರೇಯ. ಆದ್ದರಿಂದ ಆ ಮೈತ್ರೇಯ ಸೊರಬದವನು! ಗುಡಿಗಾರರ ಉಳಿಯ ಬಗೆಗೆ ನನಗೆ ಯಾರಿಗಿಂತಲೂ ಕಡಮೆ ಗೌರವವಿಲ್ಲ. ಆದರೆ ಇಂದಿನ ಗಂಧದ ಪೆಟ್ಟಿಗೆಯಿಂದ ಏಳನೆಯ ಶತಮಾನದ ಬುದ್ಧನನ್ನು ತೆಗೆಯುವುದು ಚರಿತ್ರೆಯಲ್ಲ, ಗಾರುಡಿ. ಅಂದಹಾಗೆ ಆ ಮೈತ್ರೇಯನನ್ನು ಮಾಡಿದವನು ಶ್ರುತವಿಂಶತಿಕೋಟಿಯೆಂಬ ಅರ್ಹಂತ ಎಂದು ಯಾತ್ರಿಕನೇ ಬರೆದಿದ್ದಾನೆ. ಪುಟ ಓದಿದ್ದರೆ ಇದು ಗೊತ್ತಿರುತ್ತಿತ್ತು.

ಇನ್ನು ನನ್ನ ಎರಡನೆಯ ತಕರಾರು.

ಮಧ್ಯ ಏಷ್ಯದಲ್ಲಿ, ಈಗ ಸಿರ್ ದರ್ಯಾ ಎಂದು ಕರೆಯುವ ನದಿಯ ಆಸುಪಾಸಿನಲ್ಲಿ, ಎರಡು ಸಾವಿರ ವರ್ಷಗಳ ಹಿಂದೆ ಕಾಂಗ್‌ಜು ಎಂಬ ರಾಜ್ಯವಿತ್ತು. ಹಾನ್ ಚಕ್ರವರ್ತಿಯ ದೂತ ಚಾಂಗ್ ಚಿಯೆನ್ ಕ್ರಿ.ಪೂ. ಎರಡನೆಯ ಶತಮಾನದಲ್ಲಿ ಯುಯೆ-ಚಿಗಳನ್ನು ಅರಸುತ್ತ ಹೋದಾಗ ಅದನ್ನು ಹಾದು ಹೋದನು. ಹಾನ್ ವಂಶದ ಚರಿತ್ರೆಯಲ್ಲಿ ಅದರ ಖಾನೇಷುಮಾರಿಯೇ ಇದೆ: 1,20,000 ಮನೆ, 6,00,000 ಜನ, 1,20,000 ಯೋಧರು, ಚೀನದ ರಾಜಧಾನಿಯಿಂದ 12,300 ಲೀ ದೂರ. ಇಷ್ಟು ಅಂಕಿಗಳಿದ್ದರೂ ಅದರ ರಾಜಧಾನಿ ಎಲ್ಲಿತ್ತೆಂದು ವಿದ್ವಾಂಸರು ಇಂದಿಗೂ ಚರ್ಚಿಸುತ್ತಲೇ ಇದ್ದಾರೆ. ಕಾರಣ ಸರಳ. ಕಾಂಗ್‌ಜು ತನ್ನ ಬಗೆಗೆ ತಾನು ಹೇಳಿಕೊಂಡದ್ದು ನಮಗೆ ಹೆಚ್ಚಾಗಿ ಉಳಿದಿಲ್ಲ. ನೆರೆಯವನ ದಫ್ತರದಲ್ಲಿ ಬರೆದಿಟ್ಟ ಲೆಕ್ಕವೇ ಅದರ ಚರಿತ್ರೆ. ದಕ್ಷಿಣ ಕಝಾಕಿಸ್ತಾನದ ಕುಲ್ತೋಬೆಯಲ್ಲಿ ಇಟ್ಟಿಗೆಯ ತುಂಡುಗಳ ಮೇಲೆ ಸೊಗ್ದಿಯನ್ ಭಾಷೆಯ ಒಂದಿಷ್ಟು ಬರಹ ಸಿಕ್ಕಿದಾಗ ವಿದ್ವಾಂಸರು ಅದನ್ನು ನಿಧಿಯಂತೆ ಕಂಡರು. ಒಡೆದ ಅಕ್ಷರಗಳನ್ನು ಒಂದೊಂದಾಗಿ ಕೂಡಿಸಿ ಓದಿ ಪ್ರಕಟಿಸಿದರು. ಆ ನೆಲದ ಚರಿತ್ರಕಾರನು ಚೀನೀ ಗ್ರಂಥದ ಬಾಗಿಲಲ್ಲಿ ನಿಂತು ಭಿಕ್ಷೆ ಬೇಡಿದರೆ ಅದು ಅವನ ದೈವ, ಬೇರೆ ದಾರಿಯಿಲ್ಲ.

ನಮಗೇನು ಬಂದಿದೆ? ಮನೆಯ ಕಣಜ ತುಂಬಿರುವಾಗ ಬೀದಿಯಲ್ಲಿ ತಟ್ಟೆ ಹಿಡಿದವರಂತಾಗಿದೆ ನಮ್ಮ ಬಾಳು.

ಶಿಕಾರಿಪುರ ತಾಲ್ಲೂಕಿನ ಮಳವಳ್ಳಿಯಲ್ಲಿ ಒಂದು ಕಂಬವಿದೆ. ಅದರ ಮೇಲೆ ಚುಟುಕುಲದ ವಿಣ್ಹುಕಡ್ಡ ಸಾತಕರ್ಣಿಯ ದಾನಶಾಸನ, ಪ್ರಾಕೃತದಲ್ಲಿ. ಅದೇ ಕಂಬದ ಮೇಲೆ, ಅದೇ ದೇವರಿಗೆ, ತಪ್ಪಿಹೋಗಿದ್ದ ದತ್ತಿಯನ್ನು ಮತ್ತೆ ನಡೆಸಿಕೊಟ್ಟ ಕದಂಬ ದೊರೆಯೊಬ್ಬನ ಶಾಸನ, ಅದೂ ಪ್ರಾಕೃತದಲ್ಲಿ. ಒಂದು ರಾಜವಂಶ ಮುಗಿದು ಇನ್ನೊಂದು ಹುಟ್ಟುವ ಸಂಧಿ ಒಂದೇ ಕಲ್ಲಿನಲ್ಲಿ ಕಾಣುವುದು ಸಾಮಾನ್ಯ ಭಾಗ್ಯವಲ್ಲ. ಆ ಊರಿಗೆ ಸಂಶೋಧಕರನ್ನು ಬಿಟ್ಟರೆ ಹೋಗುವವರು ಯಾರು? ಬನವಾಸಿಯಲ್ಲಿಯೇ ಮಧುಕೇಶ್ವರನ ಗುಡಿಯ ಆವರಣದಲ್ಲಿ ಅದೇ ಸಾತಕರ್ಣಿಯ ಕಾಲದ ನಾಗಶಿಲೆಯಿದೆ. ಅರಸನ ಮಗಳು ನಾಗನನ್ನೂ ಕೆರೆಯನ್ನೂ ವಿಹಾರವನ್ನೂ ಮಾಡಿಸಿದಳೆಂದು ಅದರ ಅಂಚಿನಲ್ಲಿ ಬರೆದಿದೆ. ವಿಹಾರ! ಬನವಾಸಿಯಲ್ಲಿ ವಿಹಾರವಿತ್ತೆಂಬುದಕ್ಕೆ ಚೀನದಿಂದ ಸಾಕ್ಷಿ ತರಿಸುವವರು ಈ ಕಲ್ಲಿನ ಪಕ್ಕದಲ್ಲಿಯೇ ಪ್ರದಕ್ಷಿಣೆ ಬಂದು ಹೋಗುತ್ತಾರೆ. ಬನವಾಸಿಯೆಂದೇ ಬಹುಮಂದಿ ಒಪ್ಪಿರುವ ವೈಜಯಂತಿಯ ಸೆಟ್ಟಿ ಭೂತಪಾಲನು ಕಾರ್ಲೆಯ ಗುಹೆಯಲ್ಲಿ ಬರೆಸಿದ ಶಾಸನವನ್ನೂ ಇದರೊಡನೆ ಇಟ್ಟು ನೋಡಿ. ಜಂಬೂದ್ವೀಪದಲ್ಲಿಯೇ ಉತ್ತಮವಾದ ಶಿಲಾಗೃಹವನ್ನು ಮಾಡಿಸಿದೆನೆಂದು ಹೇಳಿಕೊಂಡ ಆಸಾಮಿ ನಮ್ಮ ಕಡೆಯವನು. ಹುಯೆನ್ ತ್ಸಾಂಗನ ಹೊಗಳಿಕೆ ಇವನ ಮುಂದೆ ಸಪ್ಪೆ.

ತಾಳಗುಂದಕ್ಕೆ ಬರೋಣ. ಪ್ರಣವೇಶ್ವರ ದೇವಾಲಯದ ಮುಂದಿನ ಕಂಬದ ಮೇಲೆ ಕವಿ ಕುಬ್ಜನು ಕದಂಬರ ಕಥೆಯನ್ನು ಸಂಸ್ಕೃತ ಪದ್ಯಗಳಲ್ಲಿ ಬರೆದಿದ್ದಾನೆ. ರೈಸ್ ಸಾಹೇಬರು 1902ರಲ್ಲಿ ಎಪಿಗ್ರಾಫಿಯ ಕರ್ನಾಟಿಕದ ಏಳನೆಯ ಸಂಪುಟದಲ್ಲಿ ಅದನ್ನು ಅಚ್ಚು ಹಾಕಿಸಿದರು. ಆಮೇಲೆ ಕೀಲ್‌ಹಾರ್ನ್ ಪಂಡಿತರು ಪರಿಷ್ಕರಿಸಿದರು. ಮಯೂರಶರ್ಮನು ಗುರು ವೀರಶರ್ಮನೊಡನೆ ಕಂಚಿಯ ಘಟಿಕೆಗೆ ವೇದಾಧ್ಯಯನಕ್ಕೆ ಹೋದದ್ದು, ಅಲ್ಲಿ ಪಲ್ಲವರ ಕುದುರೆಯವನೊಡನೆ ಜಗಳವಾದದ್ದು, ದರ್ಭೆ ಹಿಡಿದ ಕೈ ಕತ್ತಿ ಹಿಡಿದದ್ದು, ಗಡಿಗಾವಲನ್ನು ಗೆದ್ದು ಶ್ರೀಪರ್ವತದವರೆಗಿನ ಕಾಡಿನಲ್ಲಿ ನೆಲೆನಿಂತದ್ದು, ಕೊನೆಗೆ ಪಲ್ಲವರೇ ಅವನನ್ನು ಮನ್ನಿಸಿ ಪಟ್ಟಕಟ್ಟಿದ್ದು ಎಲ್ಲವೂ ಅಲ್ಲಿದೆ. ಕಾಕುಸ್ಥವರ್ಮನು ತನ್ನ ಹೆಣ್ಣುಮಕ್ಕಳ ಮೂಲಕ ಗುಪ್ತರೇ ಮೊದಲಾದ ರಾಜಕುಲಗಳೊಡನೆ ನಂಟು ಬೆಳೆಸಿದುದೂ, ಕೆರೆ ಕಟ್ಟಿಸಿದುದೂ ಇದೆ. ವಾಚಕರು ಒಂದು ಸೋಜಿಗವನ್ನು ಗಮನಿಸಬೇಕು: ಕಂಚಿಗೂ ಈ ಸೀಮೆಗೂ ನಡುವಿನ ದಾರಿ ಹಿಡಿದು ಚೀನೀ ಯಾತ್ರಿಕ ಬಂದನೋ ಇಲ್ಲವೋ ಎಂದು ನಾವು ಕಿತ್ತಾಡುತ್ತಿದ್ದೇವೆ. ಅದಕ್ಕೆ ಸುಮಾರು ಮುನ್ನೂರು ವರ್ಷ ಮೊದಲೇ ಅದೇ ದಾರಿಯಲ್ಲಿ ಹೋಗಿ ಬಂದ ಹುಡುಗನೊಬ್ಬನ ಕಥೆ, ಯಾವ ಅನುಮಾನಕ್ಕೂ ಎಡೆಯಿಲ್ಲದೆ, ಊರ ಬಾಗಿಲಲ್ಲಿ ನಿಂತಿದೆ.

ಅದೇ ತಾಳಗುಂದದಲ್ಲಿ 2013-14ರ ಉತ್ಖನನದಲ್ಲಿ ಸಿಂಹಕಟಾಂಜನದ ಮೇಲಿನ ಶಾಸನವೊಂದು ಸಿಕ್ಕಿತು. ಅದರಲ್ಲಿ ಕನ್ನಡವಿದೆ. ಕಾಲ ಕ್ರಿ.ಶ. 370 ಎಂದು ಪುರಾತತ್ತ್ವ ಸರ್ವೇಕ್ಷಣ ಇಲಾಖೆಯ ನಿರ್ಣಯ; ಹಾಗಾದರೆ 450ರ ಸುಮಾರಿನ ಹಲ್ಮಿಡಿಗಿಂತ ಅದು ಹಳೆಯದು. ಈ ಕಾಲನಿರ್ಣಯವನ್ನು ಎಲ್ಲರೂ ಒಪ್ಪಿಲ್ಲ. ಒಪ್ಪದಿರುವುದು ಒಳ್ಳೆಯದೇ, ವಾದ ನಡೆಯಬೇಕಾದ ಜಾಗ ಅದು. ನನ್ನ ದುಃಖವೆಂದರೆ, ಕೊಂಕಣಪುರದ ಮೇಲೆ ಒಂದು ಗಂಟೆ ಭಾಷಣ ಮಾಡಿದ ಮಹನೀಯರಿಗೆ ಈ ವಾದ ನಡೆಯುತ್ತಿದೆಯೆಂಬ ಸಂಗತಿಯೇ ತಿಳಿದಿರಲಿಲ್ಲ.

ಬಳ್ಳಿಗಾವೆಯನ್ನು ಬಿಟ್ಟರೆ ಆ ಊರಿನವರು ನನ್ನನ್ನು ಕ್ಷಮಿಸಲಾರರು. ಅಲ್ಲಮಪ್ರಭುವಿನ ಊರು, ಬನವಾಸಿ ಹನ್ನೆರಡು ಸಾವಿರದ ರಾಜಧಾನಿ. ಅಲ್ಲಿ 1065ರಲ್ಲಿ ರೂಪಭಟ್ಟಯ್ಯನೆಂಬ ಚಾಲುಕ್ಯ ಅಧಿಕಾರಿ ‘ಜಯಂತೀಪ್ರಬೌದ್ಧ ವಿಹಾರ’ವನ್ನು ಕಟ್ಟಿಸಿ, ತಾರಾಭಗವತಿ, ಕೇಶವ, ಲೋಕೇಶ್ವರ, ಬೌದ್ಧದೇವರುಗಳ ಪೂಜೆಗೆ ದತ್ತಿ ಬಿಟ್ಟನು. ನಾಗಿಯಕ್ಕನೆಂಬ ಬೌದ್ಧ ಉಪಾಸಿಕೆ ತಾರಾದೇವಿಯ ವಿಗ್ರಹ ಮಾಡಿಸಿದಳು. ಉತ್ತರದ ಯಾತ್ರಿಕನು ಬಂದು ಹೋದನೆನ್ನುವ ಕಾಲಕ್ಕಿಂತ ನಾಲ್ಕು ಶತಮಾನ ಈಚೆಗೆ, ಬೌದ್ಧಧರ್ಮ ಈ ದೇಶದಲ್ಲಿ ಆರಿಹೋಗುತ್ತಿದೆಯೆಂದು ಪುಸ್ತಕಗಳು ಹೇಳುವ ಹೊತ್ತಿನಲ್ಲಿ, ಶಿಕಾರಿಪುರದ ನೆಲದಲ್ಲಿ ಬುದ್ಧನ ಮುಂದೆ ಹೊಸ ದೀಪ ಹಚ್ಚುತ್ತಿದ್ದರು, ಪಕ್ಕದಲ್ಲಿಯೇ ಕೇಶವನಿಗೂ ಹಚ್ಚುತ್ತಿದ್ದರು! ಕೊಂಕಣಪುರದ ಹತ್ತು ಸಾವಿರ ಭಿಕ್ಷುಗಳಿಗಿಂತ ಈ ಒಂದು ದೀಪ ದೊಡ್ಡ ಸುದ್ದಿಯಲ್ಲವೆ? 1162ರ ಕೋಡಿಯಮಠದ ಶಾಸನವಂತೂ ಇನ್ನೂ ವಿಸ್ತಾರ. ಆ ಕಾಳಾಮುಖರ ಮಠದಲ್ಲಿ ಪಾಣಿನೀಯ, ಶಾಕಟಾಯನವೇ ಮೊದಲಾಗಿ ಯಾವ ಯಾವ ವ್ಯಾಕರಣ ಓದಿಸುತ್ತಿದ್ದರು, ಯಾವ ಯಾವ ದರ್ಶನ ಹೇಳುತ್ತಿದ್ದರು, ಕುಂಟರು ಕುರುಡರು ಕಿವುಡರಿಗೆ, ಹಾಡುವವರು ಕುಣಿಯುವವರಿಗೆ, ಜೈನ ಕ್ಷಪಣಕರಿಗೂ ಏಕದಂಡಿ ತ್ರಿದಂಡಿಗಳಿಗೂ ಹೇಗೆ ಊಟ ಹಾಕುತ್ತಿದ್ದರು, ರೋಗಿಗಳಿಗೆ ಹೇಗೆ ಔಷಧ ಕೊಡುತ್ತಿದ್ದರು, ಎಲ್ಲವನ್ನೂ ಪಟ್ಟಿ ಮಾಡಿದೆ. ಯಾವ ಚೀನೀ ಯಾತ್ರಿಕನೂ ನಮ್ಮ ಒಂದು ಸಂಸ್ಥೆಯನ್ನು ಇಷ್ಟು ಹತ್ತಿರದಿಂದ ಬಣ್ಣಿಸಿಲ್ಲ.

ಇದಕ್ಕೆ ಕೆಲವರು ಕೇಳುವುದುಂಟು: ‘ಹೋಗಲಿ ಬಿಡಿ ಮೇಷ್ಟ್ರೇ, ಚೀನದವನು ಬಂದಿದ್ದನೆಂದು ಹೇಳಿಕೊಂಡರೆ ನಾಲ್ಕು ಜನ ನೋಡಲು ಬರುತ್ತಾರೆ, ಇದರಿಂದ ಯಾರಿಗೆ ನಷ್ಟ?’

ನಷ್ಟ ನನ್ನ ವಿದ್ಯಾರ್ಥಿಗೆ. ಅವನ ಊರು ಸೊರಬದ ಹತ್ತಿರದ ಹಳ್ಳಿ. ರೈಸರ ಏಳನೆಯ ಮತ್ತು ಎಂಟನೆಯ ಸಂಪುಟಗಳಲ್ಲಿ ಈ ಎರಡು ತಾಲ್ಲೂಕುಗಳ ಶಾಸನಗಳನ್ನು ಕೂಡಿಸಿದರೆ ಐನೂರನ್ನು ದಾಟುತ್ತವೆ. ಕುಪ್ಪಟೂರು, ಉದ್ರಿ, ಚಂದ್ರಗುತ್ತಿ ಎಲ್ಲಿ ಹೋದರೂ ಕಲ್ಲು ಮಾತನಾಡುತ್ತದೆ. ಆದರೆ ಆ ಹುಡುಗನಿಗೆ ಹಳಗನ್ನಡ ಲಿಪಿಯ ಒಂದಕ್ಷರ ಹೇಳಿಕೊಟ್ಟವರಿಲ್ಲ. ನಾನು ಹಿಂದೆ ಪಾಠ ಹೇಳುತ್ತಿದ್ದ ಕಾಲೇಜೊಂದರಲ್ಲಿ ಶಾಸನದ ಪಾಠಕ್ಕೆ ವಾರಕ್ಕೊಂದು ಗಂಟೆ ಕೇಳಿದಾಗ, ಅದರಿಂದ ನೌಕರಿ ಸಿಕ್ಕುವುದಿಲ್ಲವೆಂಬ ಉತ್ತರ ಬಂತು. ನೌಕರಿ ಸಿಕ್ಕದು, ನಿಜ. ಹೊಲದ ಬದುವಿನಲ್ಲಿ ಮಲಗಿರುವ ವೀರಗಲ್ಲು ತನ್ನ ಊರಿನ ದನ ಬಿಡಿಸಿಕೊಂಡು ಬರುವಾಗ ಸತ್ತವನದೆಂದು ಆ ಹುಡುಗನಿಗೆ ಗೊತ್ತಾಗಿದ್ದರೆ, ಟ್ರ್ಯಾಕ್ಟರು ಬಂದ ದಿನ ಅವನು ಅಡ್ಡ ನಿಲ್ಲುತ್ತಿದ್ದನು. ಈಗ ಅವನಿಗೆ ಗೊತ್ತಿರುವುದು ಇಷ್ಟು: ನಮ್ಮ ಊರು ದೊಡ್ಡದು, ಏಕೆಂದರೆ ಚೀನದವನೊಬ್ಬನು ಹಾಗೆಂದು ಬರೆದಿದ್ದಾನೆ. ನಾಳೆ ಇನ್ನೊಬ್ಬ ಪಂಡಿತನು ಕೊಂಕಣಪುರ ಗೋಲ್ಕೊಂಡದ ಬಳಿಯೇ ಎಂದು ಸಿದ್ಧಪಡಿಸಿದರೆ ಅವನ ಊರಿನ ಹಿರಿಮೆ ಅಂದೇ ತೆಲಂಗಾಣಕ್ಕೆ ಬಸ್ಸು ಹತ್ತುತ್ತದೆ.

ಈ ಚಾಳಿ ಕೊಂಕಣಪುರ ಒಂದಕ್ಕೇ ಮುಗಿಯುವುದೂ ಇಲ್ಲ. ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ಮಯೂರಶರ್ಮನ ಪುಟ್ಟ ಪ್ರಾಕೃತ ಶಾಸನವೊಂದಿದೆ; ಅವನು ಕೆರೆ ಕಟ್ಟಿಸಿದ್ದು ಅದರ ವಿಷಯ. ಡಾ. ಎಂ. ಎಚ್. ಕೃಷ್ಣ ಅವರು ಅದನ್ನು ಓದಿದಾಗ, ಅವನು ಗೆದ್ದ ನಾಡುಗಳ ಸಾಲಿನಲ್ಲಿ ‘ಶಕಸ್ಥಾನ’ವೂ ಇದೆಯೆಂದರು. ಬಂಡೆ ಸವೆದಿದೆ, ಆ ವಾಚನದ ಬಗೆಗೆ ವಿದ್ವಾಂಸರಲ್ಲಿ ಸಂಶಯ ಹುಟ್ಟಿ ಬಹಳ ಕಾಲವಾಯಿತು. ಆದರೂ ‘ನಮ್ಮ ಮಯೂರನು ಮಧ್ಯ ಏಷ್ಯದ ಶಕರನ್ನು ಸೋಲಿಸಿದನು’ ಎಂಬ ಘೋಷಣೆ ನಿಂತಿಲ್ಲ. ಶಕರು ಮಧ್ಯ ಏಷ್ಯದಿಂದ ಬಂದವರೆಂಬುದು ದಿಟ; ಚೀನೀ ಚರಿತ್ರೆಗಳು ‘ಸಾಯ್’ ಎನ್ನುವ ಜನ ಅವರೇ. ಆದರೆ ಮಯೂರಶರ್ಮನ ಹೊತ್ತಿಗೆ ಅವರು ಗುಜರಾತು, ಮಾಳವಗಳಲ್ಲಿ ನೆಲೆನಿಂತು ಸಂಸ್ಕೃತದಲ್ಲಿ ಶಾಸನ ಬರೆಸುವಷ್ಟು ನಮ್ಮವರಾಗಿ ತಲೆಮಾರುಗಳೇ ಕಳೆದಿದ್ದುವು. ವಾಚನ ಸರಿಯಾದರೂ ಅವನ ಕುದುರೆ ಸಿರ್ ದರ್ಯಾದ ನೀರು ಕುಡಿಯಲಿಲ್ಲ. ಕೆರೆ ಕಟ್ಟಿಸಿದನೆಂಬ ಖಚಿತವಾದ ಮಾತನ್ನು ಬಿಟ್ಟು ಶಕಸ್ಥಾನವೆಂಬ ಅಳಿಸಿದ ಅಕ್ಷರಗಳಿಗೆ ಜೋತುಬೀಳುವುದು ಯಾವ ರುಚಿಯೋ ನಾನರಿಯೆ.

ಹುಯೆನ್ ತ್ಸಾಂಗನ ಮೇಲೆ ನನಗೆ ಮುನಿಸಿಲ್ಲ. ಮೂಲಗ್ರಂಥಗಳನ್ನು ತಾನೇ ಓದಬೇಕೆಂಬ ಹಟದಿಂದ ಮರುಭೂಮಿ ದಾಟಿ ಬಂದು, ಪರಭಾಷೆ ಕಲಿತು, 657 ಗ್ರಂಥಗಳನ್ನು ಹೊತ್ತುಕೊಂಡು ಹೋಗಿ, ಸಾಯುವವರೆಗೆ ಭಾಷಾಂತರಿಸುತ್ತ ಕುಳಿತವನು ಅವನು. ಅವನು ತಾಳಗುಂದಕ್ಕೆ ಬಂದಿದ್ದರೆ ಕಂಬದ ಮುಂದೆ ನಿಂತು ‘ಇದರಲ್ಲಿ ಏನು ಬರೆದಿದೆ?’ ಎಂದು ಕೇಳುತ್ತಿದ್ದನು. ಉತ್ತರ ಹೇಳಬಲ್ಲವರು ಊರಿನಲ್ಲಿ ಈಗ ಎಷ್ಟು ಮಂದಿ ಇದ್ದಾರೆ?

ಬನವಾಸಿಯ ದಾರಿಯಲ್ಲಿ ಹೊಸ ಫಲಕಗಳನ್ನು ಹಾಕಬೇಕೆಂಬ ಉತ್ಸಾಹ ಆ ಕಡೆ ಕೆಲವರಲ್ಲಿದೆ. ಹಾಕಲಿ. ಮಳವಳ್ಳಿಗೆ ಒಂದು, ತಾಳಗುಂದಕ್ಕೆ ಒಂದು, ಬಳ್ಳಿಗಾವೆಗೆ ಒಂದು ಹಾಕಲಿ. ಮೊದಲ ಸಾಲಿನಲ್ಲಿ ಕುಬ್ಜನ ಹೆಸರು ಇರಲಿ, ರೂಪಭಟ್ಟಯ್ಯನದಿರಲಿ, ನಾಗಿಯಕ್ಕನದಿರಲಿ. ಕಲ್ಲಿನ ಮೇಲಿನ ಪಾಠವನ್ನು ಈಗಿನ ಅಕ್ಷರದಲ್ಲಿ, ಈಗಿನ ಕನ್ನಡದ ಅರ್ಥದೊಡನೆ ಕೆಳಗೆ ಬರೆಸಲಿ. ಚೀನೀ ಯಾತ್ರಿಕನ ಹೆಸರು ಬರಲೇಬೇಕೆಂದಾದರೆ ಕೊನೆಯ ಸಾಲಿನಲ್ಲಿ ಬರಲಿ, ‘ಎಂದು ಒಬ್ಬರ ಊಹೆ, ಬೇರೆಯವರು ಒಪ್ಪಿಲ್ಲ’ ಎಂಬ ಮಾತು ಅಷ್ಟೇ ಗಾತ್ರದ ಅಕ್ಷರದಲ್ಲಿ ಪಕ್ಕದಲ್ಲಿರಲಿ.